ಭಿನ್ನಮತವನ್ನೂ ಕಾಪಾಡುವ ಸಂಪುಟಗಳು

ಯಾವುದೇ ಹಿರಿಯ ವಕೀಲರ ಕಚೇರಿಗೆ ಹೋದರೂ ಗೋಡೆಯುದ್ದಕ್ಕೂ ಒಂದೇ ಬಣ್ಣದ ರಟ್ಟಿನ ದಪ್ಪ ಸಂಪುಟಗಳು ಕಾಣುತ್ತವೆ. ಬೆನ್ನ ಮೇಲೆ ಎ.ಐ.ಆರ್., ಎಸ್.ಸಿ.ಸಿ., ಐ.ಎಲ್.ಆರ್. ಎಂಬ ಅಕ್ಷರಗಳಿರುತ್ತವೆ. ಉನ್ನತ ನ್ಯಾಯಾಲಯಗಳ ತೀರ್ಪುಗಳನ್ನು ಆಯ್ದು ಅಚ್ಚು ಹಾಕುವ ಲಾ ರಿಪೋರ್ಟ್‌ಗಳಿವು.

ನಮ್ಮಲ್ಲಿ ಈ ಕೆಲಸಕ್ಕೆ ಗಟ್ಟಿ ನೆಲೆ ಸಿಕ್ಕಿದ್ದು 1875ರ ಇಂಡಿಯನ್ ಲಾ ರಿಪೋರ್ಟ್ಸ್ ಕಾಯ್ದೆಯಿಂದ. ಮರುವರ್ಷವೇ ಕಲ್ಕತ್ತ, ಮದರಾಸು, ಬೊಂಬಾಯಿ, ಅಲಹಾಬಾದ್ ಹೈಕೋರ್ಟುಗಳ ತೀರ್ಪುಗಳು ಐ.ಎಲ್.ಆರ್. ಹೆಸರಿನಲ್ಲಿ ಹೊರಬಂದವು. 1914ರಲ್ಲಿ ಆಲ್ ಇಂಡಿಯಾ ರಿಪೋರ್ಟರ್ ಶುರುವಾಯಿತು. ನಾಗಪುರ ಅದರ ನೆಲೆ. 1969ರಲ್ಲಿ ಲಖನೌದ ಪ್ರಕಾಶಕರು ಸುಪ್ರೀಂ ಕೋರ್ಟ್ ಕೇಸಸ್ ಆರಂಭಿಸಿದರು. ನಮ್ಮ ಹೈಕೋರ್ಟಿನ ತೀರ್ಪುಗಳಿಗೆ ಐ.ಎಲ್.ಆರ್. ಕರ್ನಾಟಕ, ಕರ್ನಾಟಕ ಲಾ ಜರ್ನಲ್ ಇವೆ.

ಸಂಪಾದಕರು ತೀರ್ಪನ್ನು ಓದಿ, ಅದರಲ್ಲಿ ಇತ್ಯರ್ಥವಾದ ಕಾನೂನಿನ ಅಂಶವನ್ನು ಮೇಲ್ಭಾಗದಲ್ಲಿ ಹೆಡ್‌ನೋಟ್ ಆಗಿ ಬರೆಯುತ್ತಾರೆ. ಹೆಡ್‌ನೋಟ್ ದಾರಿ ತೋರುತ್ತದೆ ಅಷ್ಟೆ. ತೂಕವಿರುವುದು ಕೆಳಗಿನ ತೀರ್ಪಿಗೆ. ವಕೀಲರು ಕೊಡುವ ಸೈಟೇಶನ್ ಆ ತೀರ್ಪಿನ ವಿಳಾಸ. 'ಎ.ಐ.ಆರ್. 1980 ಎಸ್.ಸಿ. 898' ಎಂದರೆ ಆ ವರ್ಷದ ಸುಪ್ರೀಂ ಕೋರ್ಟ್ ಭಾಗದ 898ನೇ ಪುಟ. ಸಂವಿಧಾನದ 141ನೇ ವಿಧಿಯಂತೆ ಸುಪ್ರೀಂ ಕೋರ್ಟ್ ಸಾರಿದ ಕಾನೂನು ದೇಶದ ಎಲ್ಲ ನ್ಯಾಯಾಲಯಗಳಿಗೂ ಅನ್ವಯ. ಹಾಗಾಗಿಯೇ ಈ ವಿಳಾಸಕ್ಕೆ ಅಷ್ಟು ಬೆಲೆ.

ಆ 898ನೇ ಪುಟದಲ್ಲಿರುವುದು ಬಚನ್ ಸಿಂಗ್ ಪ್ರಕರಣ. 1955ರವರೆಗೆ ಕೊಲೆಗಾರನಿಗೆ ಗಲ್ಲು ವಿಧಿಸದಿದ್ದರೆ ನ್ಯಾಯಾಧೀಶರು ಕಾರಣ ಬರೆಯಬೇಕಿತ್ತು. 1973ರ ದಂಡ ಪ್ರಕ್ರಿಯಾ ಸಂಹಿತೆ ಇದನ್ನು ತಿರುವುಮುರುವು ಮಾಡಿ, ಗಲ್ಲು ವಿಧಿಸಲು ವಿಶೇಷ ಕಾರಣ ಬೇಕೆಂದಿತು. ಮರಣದಂಡನೆ ಸಂವಿಧಾನಬದ್ಧವೇ ಎಂಬ ಪ್ರಶ್ನೆ ಐವರ ಪೀಠದ ಮುಂದೆ ಬಂದಾಗ, ನಾಲ್ವರು ಹೌದೆಂದು, 'ಅಪರೂಪದಲ್ಲೇ ಅಪರೂಪ'ದ ಪ್ರಕರಣಕ್ಕೆ ಅದನ್ನು ಸೀಮಿತಗೊಳಿಸಿದರು. ಒಪ್ಪದವರು ನ್ಯಾಯಮೂರ್ತಿ ಪಿ.ಎನ್. ಭಗವತಿ. ಅವರ ವಿವರವಾದ ಕಾರಣಗಳು ಹೊರಬಂದದ್ದು 1982ರಲ್ಲಿ, ಅಚ್ಚಾದದ್ದು ಆ ವರ್ಷದ ಎ.ಐ.ಆರ್. ಸಂಪುಟದಲ್ಲಿ. ಯಾರು ನೇಣಿಗೇರುತ್ತಾರೆ ಎಂಬುದು ಪೀಠದಲ್ಲಿ ಕೂತವರನ್ನು ಅವಲಂಬಿಸಬಾರದು, ಈ ಶಿಕ್ಷೆ ಬಹುಪಾಲು ಬಡವರ ಪಾಲಿಗೇ ಬರುತ್ತದೆ ಎಂಬುದು ಅವರ ವಾದದ ತಿರುಳು. ಸೋತ ಆ ವಾದವನ್ನೂ ಸಂಪುಟಗಳು ಗೆದ್ದ ವಾದದಷ್ಟೇ ಜೋಪಾನವಾಗಿ ಇಟ್ಟುಕೊಂಡಿವೆ. ಗಲ್ಲು ಬೇಡವೆನ್ನುವವರು ಇಂದಿಗೂ ಅದನ್ನು ಉಲ್ಲೇಖಿಸುತ್ತಾರೆ.

ಈ ಚರ್ಚೆಯ ಮುಂದಿನ ಮಹತ್ವದ ತಿರುವು ಬೆಂಗಳೂರಿನ ಕೊಲೆ ಪ್ರಕರಣವೊಂದರಿಂದ ಬಂತು. ಸ್ವಾಮಿ ಶ್ರದ್ಧಾನಂದ ವಿರುದ್ಧ ಕರ್ನಾಟಕ ರಾಜ್ಯ ಪ್ರಕರಣದಲ್ಲಿ ಸುಪ್ರೀಂ ಕೋರ್ಟಿನ ಇಬ್ಬರು ನ್ಯಾಯಮೂರ್ತಿಗಳು ಶಿಕ್ಷೆಯ ಬಗ್ಗೆ ಒಮ್ಮತಕ್ಕೆ ಬರಲಿಲ್ಲ. 2008ರಲ್ಲಿ ಮೂವರ ಪೀಠ ಗಲ್ಲನ್ನು ತೆಗೆದು, ಕಡಿತವಿಲ್ಲದೆ ಉಸಿರಿರುವವರೆಗೂ ಸೆರೆವಾಸ ವಿಧಿಸಿತು. ಇಂಥ ಶಿಕ್ಷೆಯನ್ನು ನ್ಯಾಯಾಲಯ ವಿಧಿಸಬಹುದೆಂದು 2015ರಲ್ಲಿ ಸಂವಿಧಾನ ಪೀಠ ಒಪ್ಪಿತು. ಐವರಲ್ಲಿ ಇಬ್ಬರ ಭಿನ್ನಮತವಿತ್ತು.

2024ರ ಜುಲೈ 1ರಿಂದ ದಂಡ ಸಂಹಿತೆಯ ಜಾಗಕ್ಕೆ ಭಾರತೀಯ ನ್ಯಾಯ ಸಂಹಿತೆ ಬಂದಿದೆ. ಕೊಲೆಯ ಶಿಕ್ಷೆಯ 302ನೇ ಕಲಂ ಈಗ 103. ಸಂಖ್ಯೆ ಬದಲಾದರೂ ಗಲ್ಲಿನ ಪ್ರಶ್ನೆಗೆ ಉತ್ತರ ಹುಡುಕುವವರು ಹಳೆಯ ಸಂಪುಟಗಳನ್ನೇ ತೆರೆಯಬೇಕು.

ಇದಕ್ಕೆ ಈಗ ವಕೀಲರ ಕಪಾಟೇ ಬೇಕೆಂದಿಲ್ಲ. ಸುಪ್ರೀಂ ಕೋರ್ಟ್ 2023ರ ಜನವರಿಯಲ್ಲಿ ಆರಂಭಿಸಿದ ಇ-ಎಸ್‌ಸಿಆರ್ ಜಾಲತಾಣದಲ್ಲಿ ಅದರ ಅಧಿಕೃತ ವರದಿಗಳನ್ನು ಉಚಿತವಾಗಿ ಓದಬಹುದು. ಹಲವು ತೀರ್ಪುಗಳ ಕನ್ನಡ ಅನುವಾದವನ್ನೂ ನ್ಯಾಯಾಲಯ ಪ್ರಕಟಿಸುತ್ತಿದೆ. ಪ್ರತಿ ಘೋರ ಅಪರಾಧದ ಬೆನ್ನಿಗೆ ಗಲ್ಲು ಬೇಕೆಂಬ ಕೂಗು ಏಳುತ್ತದೆ. ಆ ಕೂಗಿಗೆ ದನಿಗೂಡಿಸುವ ಮೊದಲು, ಅಥವಾ ಅದನ್ನು ವಿರೋಧಿಸುವ ಮೊದಲು, ಬಚನ್ ಸಿಂಗ್ ತೀರ್ಪಿನ ಎರಡೂ ಭಾಗಗಳನ್ನು ಒಮ್ಮೆ ಓದಿ. ಒಂದು ಜೀವದ ಬಗ್ಗೆ ಮಾತಾಡುವವರಿಗೆ ಅಷ್ಟು ಓದು ಕರ್ತವ್ಯ.