ಮಿರಜಿಗೆ ಹೋದವರು ಚಿರೋಟಿ ಕಲಿತು ಬರಲಿ

ಉತ್ತರ ಕರ್ನಾಟಕದವರಿಗೆ ಮಿರಜ ಎಂದರೆ ಮೊದಲು ಆಸ್ಪತ್ರೆ, ಆಮೇಲೆ ರೈಲು ಜಂಕ್ಷನ್. 1894ರಲ್ಲಿ ವಿಲಿಯಂ ವಾನ್ಲೆಸ್ ಆರಂಭಿಸಿದ ಮಿಷನ್ ಆಸ್ಪತ್ರೆಯ ಹೆಸರು ಕೇಳಿ ಅಥಣಿ, ಚಿಕ್ಕೋಡಿ, ವಿಜಯಪುರದ ಕಡೆಯ ಜನ ತಲೆಮಾರುಗಳಿಂದ ಆ ಊರಿಗೆ ಹೋಗುತ್ತ ಬಂದಿದ್ದಾರೆ. ಸಂಗೀತ ಬಲ್ಲವರಿಗೆ ಅದು ಅಬ್ದುಲ್ ಕರೀಂ ಖಾನರು ನೆಲೆಸಿದ ಊರು, ತಂಬೂರಿ ಮಾಡುವವರ ಊರು. ಹತ್ತು ಕಿಲೋಮೀಟರಿನಷ್ಟು ಆಚೆಗಿರುವ ಸಾಂಗ್ಲಿ ಎಂದರೆ ಅರಿಸಿನದ ಪೇಟೆ, ಒಣದ್ರಾಕ್ಷಿ, ಕೃಷ್ಣೆಯ ದಡದ ಗಣಪತಿ ಗುಡಿ, ಖಾರದ ಭಡಂಗ. ತಿನಿಸು ಮಾಡುವುದನ್ನು ಕಲಿಯಲೆಂದು ಈ ಊರುಗಳಿಗೆ ಹೊರಟವರು ಸಿಗುವುದು ಅಪರೂಪ. ಈಗ ಪ್ರವಾಸದ ಜೊತೆ ಒಂದು ಹೊತ್ತಿನ ಅಡುಗೆ ಪಾಠ ಸೇರಿಸಿಕೊಳ್ಳುವುದು ರೂಢಿಯಾಗುತ್ತಿದೆ. ಪ್ಯಾರಿಸ್ಸಿಗೆ ಹೋದವರು ಕ್ರೊಸಾಂ ಮಾಡಲು ಕಲಿಯುತ್ತಾರೆ, ಲಿಸ್ಬನ್ನಿಗೆ ಹೋದವರು ಮೊಟ್ಟೆಯ ಕೆನೆ ತುಂಬಿದ ಪುಟ್ಟ ಪೇಸ್ಟ್ರಿಯನ್ನು ಕಲಿಯುತ್ತಾರೆ. ಅದಕ್ಕೆ ಕೊಡುವ ದುಡ್ಡು, ಹೊತ್ತು, ಆಸಕ್ತಿಯಲ್ಲಿ ಒಂದು ಪಾಲನ್ನು ನಮ್ಮ ಗಡಿಯಿಂದ ಕೂಗಳತೆಯಲ್ಲಿರುವ ಈ ಅಡುಗೆಮನೆಗಳಿಗೆ ಕೊಟ್ಟರೆ ಸಿಗುವ ವಿದ್ಯೆ ಯಾವುದಕ್ಕೂ ಕಡಿಮೆಯಲ್ಲ ಎಂಬುದು ನನ್ನ ವಾದ. ಆದರೆ ಪಾಠ ನಡೆಯುವ ಬಗೆ ಸರಿಯಾಗಿರಬೇಕು. ಹಿಟ್ಟು, ಜಿಡ್ಡು, ಉರಿ ಈ ಮೂರನ್ನೂ ಕೈಯಲ್ಲಿ ಅಳೆಯುವ ತಿಳಿವಳಿಕೆಯನ್ನು ಕಲಿಸದ ಪಾಠ ಬರೀ ತಿಂದು ಬಂದ ಲೆಕ್ಕ.

ಈ ಮಾತಿಗೆ ಚಿರೋಟಿಗಿಂತ ಒಳ್ಳೆಯ ಸಾಕ್ಷಿ ಇಲ್ಲ. ಮೈದಾ ಅಥವಾ ಚಿರೋಟಿ ರವೆಗೆ ಕಾದ ತುಪ್ಪ ಹಾಕಿ ತಿಕ್ಕುತ್ತಾರೆ. ಮರಾಠಿ ಮನೆಗಳಲ್ಲಿ ಇದಕ್ಕೆ ಮೋಹನ ಎನ್ನುತ್ತಾರೆ. ಹಿಟ್ಟನ್ನು ಮುಷ್ಟಿಯಲ್ಲಿ ಹಿಡಿದು ಬಿಟ್ಟರೆ ಮುಷ್ಟಿಯ ಆಕಾರ ಉಳಿಯಬೇಕು, ಬೆರಳಲ್ಲಿ ಮುಟ್ಟಿದರೆ ಉದುರಬೇಕು. ತುಪ್ಪ ಕಡಿಮೆಯಾದರೆ ತಿನಿಸು ಗಟ್ಟಿ, ಹೆಚ್ಚಾದರೆ ಕರಿಯುವಾಗ ಬಾಣಲೆಯಲ್ಲೇ ಪುಡಿ. ಗಟ್ಟಿಯಾಗಿ ನಾದಿದ ಕಣಕವನ್ನು ಒದ್ದೆ ಬಟ್ಟೆ ಮುಚ್ಚಿ ಸುಮ್ಮನೆ ಬಿಡುತ್ತಾರೆ. ನಾದುವಾಗ ಗೋಧಿಯ ಅಂಟು ಬಿಗಿದುಕೊಂಡಿರುತ್ತದೆ. ಅದು ಸಡಿಲಾಗದೆ ಲಟ್ಟಿಸಿದರೆ ಹಾಳೆ ಮತ್ತೆ ಮತ್ತೆ ಹಿಂದಕ್ಕೆ ಎಳೆದುಕೊಳ್ಳುತ್ತದೆ. ಆಮೇಲೆ ತೆಳ್ಳಗೆ ಲಟ್ಟಿಸಿದ ಹಾಳೆಗಳ ನಡುವೆ ಸಾಟಿ ಸವರುತ್ತಾರೆ. ತುಪ್ಪಕ್ಕೆ ಅಕ್ಕಿ ಹಿಟ್ಟು ಸೇರಿಸಿ, ಬೆಳ್ಳಗೆ ಹಗುರಾಗುವವರೆಗೆ ಅಂಗೈಯಲ್ಲಿ ತಿಕ್ಕಿದ್ದೇ ಸಾಟಿ. ಅಕ್ಕಿ ಹಿಟ್ಟಿಗೆ ಗೋಧಿಯ ಅಂಟಿಲ್ಲ, ಹಾಗಾಗಿ ಅದು ಒಂದು ಹಾಳೆ ಇನ್ನೊಂದಕ್ಕೆ ಅಂಟದಂತೆ ತಡೆಯುತ್ತದೆ, ತುಪ್ಪ ಹರಿದು ಹೋಗದಂತೆ ಹಿಡಿದಿಡುತ್ತದೆ. ಹಾಳೆಗಳನ್ನು ಒಂದರ ಮೇಲೊಂದಿಟ್ಟು ಬಿಗಿಯಾಗಿ ಸುರುಳಿ ಸುತ್ತಿ, ತುಂಡು ಮಾಡಿ, ಲಟ್ಟಣಿಗೆಯನ್ನು ಹಗುರವಾಗಿ ಓಡಿಸಿ, ಸಣ್ಣ ಉರಿಯಲ್ಲಿ ಕರಿಯುತ್ತಾರೆ. ಬಾಣಲೆಯಲ್ಲಿ ತೇಲುತ್ತಿರುವಾಗ ಜಾಲರಿ ಸೌಟಿನಿಂದ ಬಿಸಿ ತುಪ್ಪವನ್ನು ಮೇಲೆ ಹಾರಿಸುತ್ತಿದ್ದರೆ ಪದರುಗಳು ಒಂದೊಂದಾಗಿ ಬಿಚ್ಚಿಕೊಳ್ಳುತ್ತವೆ. ಫ್ರೆಂಚರ ಪದರು ಪೇಸ್ಟ್ರಿಯ ತತ್ವವೂ ಇದೇ, ಆದರೆ ಅಲ್ಲಿ ಬಳಸುವುದು ಬೆಣ್ಣೆ. ಬೆಣ್ಣೆಯಲ್ಲಿ ನೂರಕ್ಕೆ ಸುಮಾರು 16 ಪಾಲು ನೀರಿರುತ್ತದೆ. ಒಲೆಯ ಕಾವಿಗೆ ಅದು ಹಬೆಯಾಗಿ ಪದರನ್ನು ಎತ್ತುತ್ತದೆ. ತುಪ್ಪದಲ್ಲಿ ನೀರು ಇಲ್ಲವೆನ್ನುವಷ್ಟು ಕಡಿಮೆ. ಆದ್ದರಿಂದ ನಮ್ಮ ಚಿರೋಟಿಯನ್ನು ಅರಳಿಸುವ ಕೆಲಸವೆಲ್ಲ ಕಣಕದೊಳಗಿನ ನೀರಿನದು, ಬಾಣಲೆಯ ಉರಿಯದು. ಉರಿ ಜೋರಾದರೆ ಹೊರಗೆ ಕೆಂಪಾಗಿ ಒಳಗಿನ ಪದರು ಮುಚ್ಚಿಕೊಳ್ಳುತ್ತದೆ, ತೀರ ಸಣ್ಣದಾದರೆ ಜಿಡ್ಡು ಕುಡಿಯುತ್ತದೆ. ಇವೆರಡರ ನಡುವೆ ಇರುವ ಜಾಗ ಬಹಳ ಕಿರಿದು, ಚಿರೋಟಿ ಬಲ್ಲವರು ಅದನ್ನು ಗುಳ್ಳೆಗಳ ಸದ್ದಿನಿಂದಲೇ ಗುರುತಿಸುತ್ತಾರೆ.

ಇದೆಲ್ಲ ಪುಸ್ತಕದಲ್ಲಿದೆ, ಫೋನಿನ ವೀಡಿಯೊದಲ್ಲಿದೆ, ಅದಕ್ಕಾಗಿ ಮಿರಜಿನವರೆಗೆ ಹೋಗಬೇಕೆ ಎಂದು ಕೇಳುವವರಿದ್ದಾರೆ. ನ್ಯಾಯವಾದ ಪ್ರಶ್ನೆ. ಅದಕ್ಕೆ ಉತ್ತರವೂ ಸಾಂಗ್ಲಿಯ ನೆಲದಲ್ಲೇ ಇದೆ. ಮರಾಠಿಯ ಬಹು ದೊಡ್ಡ ಅಡುಗೆ ಪುಸ್ತಕಗಳಲ್ಲಿ ಒಂದಾದ ‘ರುಚಿರಾ’ ಬರೆದ ಕಮಲಾಬಾಯಿ ಓಗಲೆ ಹುಟ್ಟಿದ್ದು 1913ರಲ್ಲಿ, ಸಾಂಗ್ಲಿ ಜಿಲ್ಲೆಯ ಕುಂಡಲ ಎಂಬ ಹಳ್ಳಿಯಲ್ಲಿ. ಶಾಲೆ ಕಲಿತದ್ದು ನಾಲ್ಕನೆಯ ಇಯತ್ತೆಯವರೆಗೆ. ಅಡುಗೆ ಕಲಿತದ್ದು ಮದುವೆಯಾಗಿ ಸಾಂಗ್ಲಿಗೆ ಬಂದ ಮೇಲೆ, ಅತ್ತೆಯ ಕೈಕೆಳಗೆ. 1970ರಲ್ಲಿ ಬಂದ ಆ ಪುಸ್ತಕ ಲಕ್ಷಕ್ಕೂ ಹೆಚ್ಚು ಪ್ರತಿ ಖರ್ಚಾಯಿತು. ಅದರಲ್ಲಿ ಅಳತೆಗಳನ್ನು ತಕ್ಕಡಿಯ ಲೆಕ್ಕ ಬಿಟ್ಟು ಬಟ್ಟಲು ಮತ್ತು ಚಮಚದಲ್ಲಿ ಕೊಟ್ಟದ್ದು ಅದರ ಜನಪ್ರಿಯತೆಗೆ ಮುಖ್ಯ ಕಾರಣ. ಹೊಸದಾಗಿ ಸಂಸಾರ ಹೂಡಿದ ಹುಡುಗಿಯರು ಊರು ಬಿಟ್ಟು ಊರಿನಲ್ಲಿ ಅದನ್ನು ಹಿಡಿದು ಅಡುಗೆ ಮಾಡಿದರು. ಪುಸ್ತಕದಿಂದ ಅಡುಗೆ ಕಲಿಯಲಾಗದು ಎನ್ನುವುದು ಹಾಗಾಗಿ ಸುಳ್ಳು. ಆದರೆ ಬರೆದ ಆ ತಾಯಿ ಪುಸ್ತಕದಿಂದ ಕಲಿತವರಲ್ಲ ಎಂಬುದನ್ನೂ ನೆನಪಿಡಬೇಕು. ಬಟ್ಟಲು ಪ್ರಮಾಣವನ್ನು ಹೇಳುತ್ತದೆ. ಈ ಚೀಲದ ಮೈದಾ ಎಷ್ಟು ನೀರು ಕುಡಿಯುತ್ತದೆ, ಈ ಮಧ್ಯಾಹ್ನದ ಬಿಸಿಲಿಗೆ ಸಾಟಿ ಎಷ್ಟು ಬೇಗ ಕರಗುತ್ತದೆ ಎಂಬುದನ್ನು ಬಟ್ಟಲು ಹೇಳಲಾರದು. ವೀಡಿಯೊ ಕೈಯ ಚಲನೆಯನ್ನು ತೋರಿಸುತ್ತದೆ, ಕೈ ಒತ್ತಿದ ಭಾರವನ್ನು ತೋರಿಸುವುದಿಲ್ಲ. ಅದನ್ನು ನೋಡಿಯೇ ಬಂತು ಎಂದುಕೊಳ್ಳುವುದು ಮನಸ್ಸಿನಲ್ಲೇ ಮಂಡಿಗೆ ತಿಂದ ಹಾಗೆ. ಮಿರಜಿನ ತಂಬೂರಿಯವರಿಗೆ ಈ ಮಾತನ್ನು ವಿವರಿಸಿ ಹೇಳಬೇಕಾಗಿಲ್ಲ. ತಂಬೂರಿಯ ಕುದುರೆಯ ಮೇಲ್ಮೈಯನ್ನು ಉಜ್ಜಿ ಜವಾರಿ ತೆರೆಯುವಾಗ ಎಲ್ಲಿ ನಿಲ್ಲಿಸಬೇಕೆಂದು ಹೇಳುವ ಮಾಪಕವಿಲ್ಲ. ಉಜ್ಜುವುದು, ಮೀಟುವುದು, ಕೇಳುವುದು, ಮತ್ತೆ ಉಜ್ಜುವುದು. ಅದನ್ನು ಮಕ್ಕಳು ಹಿರಿಯರ ಪಕ್ಕದಲ್ಲಿ ಕೂತು ಕಲಿಯುತ್ತಾರೆ. ಕುಂದಗೋಳದ ಸವಾಯಿ ಗಂಧರ್ವರು ಅಬ್ದುಲ್ ಕರೀಂ ಖಾನರಿಂದ ಹಾಡು ಪಡೆದದ್ದೂ ಹೀಗೆ ಹತ್ತಿರ ಕೂತೇ.

ಹಾಗಾದರೆ ಇನ್ನೊಂದು ಆಕ್ಷೇಪ ಬಲವಾಗುತ್ತದೆ: ವರ್ಷಗಟ್ಟಲೆ ಕೂತು ಕಲಿಯುವುದನ್ನು ಊರು ನೋಡಲು ಬಂದವರು ಒಂದು ಮಧ್ಯಾಹ್ನದಲ್ಲಿ ಹೇಗೆ ಕಲಿತಾರು? ಅನಾರಸವನ್ನೇ ನೋಡಿ. ಅಕ್ಕಿಯನ್ನು ಮೂರು ದಿನ ನೆನೆಹಾಕಿ, ದಿನವೂ ನೀರು ಬದಲಿಸಿ, ಬಟ್ಟೆಯ ಮೇಲೆ ಹರವಿ, ತೇವ ಪೂರ್ತಿ ಆರುವ ಮೊದಲೇ ಕುಟ್ಟಿ, ಬೆಲ್ಲ ಬೆರೆಸಿ ಮತ್ತೆ ಕೆಲವು ದಿನ ಇಡಬೇಕು. ಆಮೇಲೆ ಗಸಗಸೆಯ ಮೇಲೆ ತಟ್ಟಿ, ಗಸಗಸೆಯ ಮಗ್ಗುಲು ಮೇಲಾಗಿ ಕರಿಯಬೇಕು. ನಮ್ಮ ಕಜ್ಜಾಯ, ಅತ್ರಸಗಳ ಹತ್ತಿರದ ನೆಂಟ ಇದು. ಅಧಿಕ ಮಾಸದಲ್ಲಿ ಅಳಿಯನಿಗೆ 33 ಅನಾರಸ ಕೊಡುವ ವಾಡಿಕೆ ಆ ಭಾಗದಲ್ಲಿದೆ. ಒಂದು ಹೊತ್ತಿನಲ್ಲಿ ಇದು ಆಗದ ಮಾತು, ಆಗುತ್ತದೆ ಎನ್ನುವ ಪಾಠವನ್ನು ನಂಬಬಾರದು. ಆದರೆ ಪ್ರಾಮಾಣಿಕವಾಗಿ ಕಲಿಸುವವರು ನೆನೆದ ಅಕ್ಕಿ, ಆಗಷ್ಟೇ ಕುಟ್ಟಿದ ಹಿಟ್ಟು, ಬೆಲ್ಲದಲ್ಲಿ ಹದಗೊಂಡ ಹಿಟ್ಟು ಮೂರನ್ನೂ ಮೊದಲೇ ಸಿದ್ಧವಾಗಿಟ್ಟು ಕಲಿಯುವವರ ಬೆರಳಿಗೆ ಮುಟ್ಟಿಸಬಹುದು. ಆ ಮೂರರ ವ್ಯತ್ಯಾಸ ಬೆರಳಿಗೆ ಒಮ್ಮೆ ತಿಳಿದರೆ ಮನೆಯಲ್ಲಿ ತಪ್ಪಾದಾಗ ಎಲ್ಲಿ ತಪ್ಪಿತೆಂದು ಗೊತ್ತಾಗುತ್ತದೆ. ಒಂದು ಮಧ್ಯಾಹ್ನದಿಂದ ಇಷ್ಟನ್ನು ನಿರೀಕ್ಷಿಸುವುದು ಅತಿಯಲ್ಲ. ಪಾರಂಗತರಾಗುವುದು ಬೇರೆಯೇ ಮಾತು. ಅದಕ್ಕಾಗಿಯೇ ಕರಂಜಿ, ಚಿರೋಟಿ, ಅನಾರಸ, ಸಾಟೋರಿ ಎಲ್ಲವನ್ನೂ ಒಂದೇ ಹೊತ್ತಿನಲ್ಲಿ ತೋರಿಸುವ ಪಾಠಕ್ಕಿಂತ ಒಂದನ್ನೇ ಎರಡು ಸಲ ಮಾಡಿಸುವ ಪಾಠ ಮೇಲು. ಮೊದಲ ಸಲ ಕೆಡುತ್ತದೆ. ಕಲಿಕೆ ಇರುವುದು ಎರಡನೆಯ ಸಲದಲ್ಲಿ.

ಈ ತಿನಿಸುಗಳು ಮರಾಠಿಯವರದೋ ಕನ್ನಡದವರದೋ ಎಂಬ ಜಗಳವನ್ನು ಇಲ್ಲಿಗೆ ತರಬೇಕಾಗಿಲ್ಲ. ಸಾಂಗ್ಲಿ ಜಿಲ್ಲೆಯ ಜತ್ ತಾಲೂಕಿನಲ್ಲಿ ಕನ್ನಡ ಮನೆಮಾತಾಗಿರುವ ಹಳ್ಳಿಗಳು ಎಷ್ಟೋ ಇವೆ. ಈ ಸೀಮೆಯೆಲ್ಲ ಒಮ್ಮೆ ಕಲ್ಯಾಣದ ಚಾಲುಕ್ಯರ ಆಳ್ವಿಕೆಯಲ್ಲಿತ್ತು. ಆ ವಂಶದ ಮೂರನೆಯ ಸೋಮೇಶ್ವರ 12ನೆಯ ಶತಮಾನದಲ್ಲಿ ಬರೆದ ಮಾನಸೋಲ್ಲಾಸದ ಅನ್ನಭೋಗದಲ್ಲಿ ಗೋಧಿಯ ಮಂಡಕದ ವಿವರ ಬರುತ್ತದೆ, ಬೆಳಗಾವಿಯ ಮಂಡಿಗೆ ಇವತ್ತಿಗೂ ಮದುವೆ ಮನೆಗಳಲ್ಲಿದೆ. ಕನ್ನಡದಲ್ಲಿ ಮೂರನೆಯ ಮಂಗರಸನ ಸೂಪಶಾಸ್ತ್ರ ಹಿಟ್ಟಿನ ಪಾಕಗಳಿಗೆಂದೇ ಜಾಗ ಕೊಟ್ಟಿದೆ. ಇಷ್ಟು ಹಳೆಯ ಒಡನಾಟದಲ್ಲಿ ನೋಡಬೇಕಾದದ್ದು ಮನೆಯಿಂದ ಮನೆಗೆ ಬದಲಾಗುವ ಸಣ್ಣ ಸಂಗತಿಗಳನ್ನು. ಮರಾಠಿ ಮನೆಯ ಕರಂಜಿಯಲ್ಲಿ ಕೊಬ್ಬರಿ, ಹುರಿದ ರವೆ, ಸಕ್ಕರೆ ಮುಂದಾಗಿರುತ್ತವೆ. ನಮ್ಮ ಕಡೆಯ ಕರ್ಚಿಕಾಯಿಯಲ್ಲಿ ಪುಟಾಣಿ ಹಿಟ್ಟು, ಗಸಗಸೆ, ಎಷ್ಟೋ ಮನೆಗಳಲ್ಲಿ ಬೆಲ್ಲ. ಧಾರವಾಡದಿಂದ ಹೋದ ಗೃಹಿಣಿಗೆ ಅಲ್ಲಿ ಅರ್ಧ ಗೊತ್ತಿರುತ್ತದೆ, ಅರ್ಧ ಹೊಸದಾಗಿರುತ್ತದೆ. ಹಾಗೆ ಅರ್ಧ ಗೊತ್ತಿರುವವರೇ ಒಳ್ಳೆಯ ಪ್ರಶ್ನೆ ಕೇಳುತ್ತಾರೆ.

ಕೊನೆಯ ಆಕ್ಷೇಪ ಹೆಚ್ಚು ನೋವಿನದು. ಹಬ್ಬಕ್ಕೆ, ದೇವರಿಗೆ, ಅಳಿಯ-ಮಗಳಿಗೆ ಮಾಡುವುದನ್ನು ಬಂದು ಹೋಗುವವರ ಮುಂದೆ ಮಾಡಿ ತೋರಿಸಿದರೆ ಮನೆಯ ಅಡುಗೆ ಆಟವಾಗಿಬಿಡುವುದಿಲ್ಲವೇ? ಆ ಭಯ ನಿಜ. ಆದರೆ ಈಗಿನ ಸ್ಥಿತಿಯನ್ನೂ ನೋಡಬೇಕು. ದೀಪಾವಳಿಯ ಫರಾಳವನ್ನು ಮನೆಯ ಹೆಂಗಸರು, ಅವರ ಉಳಿತಾಯ ಗುಂಪುಗಳಾದ ಬಚತ್ ಗಟ್‌ಗಳು ಈಗಾಗಲೇ ಆರ್ಡರ್ ಹಿಡಿದು ಮಾರುತ್ತಿದ್ದಾರೆ, ಮತ್ತು ಬೆಲೆ ಕಟ್ಟುವುದು ಕಿಲೋ ಲೆಕ್ಕದಲ್ಲಿ. ಪದರು ಬಿಚ್ಚಿದ ಚಿರೋಟಿಗೂ ಬಿಚ್ಚದ ಚಿರೋಟಿಗೂ ತಕ್ಕಡಿಯಲ್ಲಿ ಒಂದೇ ತೂಕ. ಕಲಿಸುವಾಗ ಮಾತ್ರ ಕೈಚಳಕಕ್ಕೇ ನೇರವಾಗಿ ಬೆಲೆ ಸಿಗುತ್ತದೆ. 2016ರಲ್ಲಿ ಸಾಂಗ್ಲಿಯ ಒಣದ್ರಾಕ್ಷಿಗೆ, 2018ರಲ್ಲಿ ಅರಿಸಿನಕ್ಕೆ, 2024ರಲ್ಲಿ ಮಿರಜಿನ ಸಿತಾರ್ ಮತ್ತು ತಂಬೂರಿಗೆ ಭೌಗೋಳಿಕ ಸೂಚಕ ಸಿಕ್ಕಿತು. ಅಂಗಡಿಯಲ್ಲಿ ಮಾರುವ ವಸ್ತುವಿಗೆ ಅದು ಸರಿಯಾದ ರಕ್ಷಣೆ. ಆದರೆ ಯುನೆಸ್ಕೊ 2017ರಲ್ಲಿ ನೇಪಲ್ಸಿನ ಪಿಜ್ಜಾ ಮಾಡುವವರ ಕಲೆಯನ್ನು ತನ್ನ ಪಟ್ಟಿಗೆ ಸೇರಿಸಿದಾಗ ಮಾಡುವವರ ವಿದ್ಯೆಗೆ ಮನ್ನಣೆ ಕೊಟ್ಟಿತು. ನಮ್ಮ ಹೆಂಗಸರ ವಿದ್ಯೆಗೆ ಅಂಥ ಮನ್ನಣೆ ಬರುವವರೆಗೆ ಕಲಿಯಲು ಬಂದವರು ಕೊಡುವ ಶುಲ್ಕವಾದರೂ ಮರ್ಯಾದೆಯದಾಗಿರಲಿ. ನೈವೇದ್ಯದ ಒಲೆಯನ್ನು ಇದಕ್ಕೆ ಬಳಸಬೇಕೆಂದು ಯಾರೂ ಕೇಳಬಾರದು, ಫೋಟೊ ತೆಗೆಯುವ ಮುನ್ನ ಕೇಳಬೇಕು, ಮನೆಯ ಯಜಮಾನಿಯ ಕೈಗೇ ಹಣ ಕೊಡಬೇಕು. ಇಷ್ಟು ನಡೆದರೆ ಆಟದ ಭಯ ಬಹುಮಟ್ಟಿಗೆ ಕಡಿಮೆಯಾಗುತ್ತದೆ.

ಹೋಗುವವರು ಕಾಲ ನೋಡಿ ಹೊರಡಬೇಕು. ಏಪ್ರಿಲ್, ಮೇ ತಿಂಗಳ ಬಿಸಿಲಿಗೆ ತುಪ್ಪ ಸದಾ ನೀರಾಗಿರುತ್ತದೆ, ಸಾಟಿ ಹಾಳೆಯ ಮೇಲೆ ನಿಲ್ಲುವುದಿಲ್ಲ. ಹೊಸಬರ ಕೈಗೆ ಅದು ಒಗ್ಗದ ಕಾಲ. ದೀಪಾವಳಿಯ ಹಿಂದಿನ ವಾರಗಳಲ್ಲಿ ಮಾಡುವವರಿಗೆ ಆರ್ಡರುಗಳಿಂದ ತಲೆ ಎತ್ತಲು ಪುರುಸೊತ್ತಿರುವುದಿಲ್ಲ. ದೀಪಾವಳಿ ಮುಗಿದು ಸಂಕ್ರಾಂತಿ ಬರುವ ತನಕದ ಚಳಿಗಾಲವೇ ಸರಿ: ತುಪ್ಪ ಗಟ್ಟಿಯಾಗಿರುತ್ತದೆ, ಗಾಣಗಳು ನಡೆಯುತ್ತಿದ್ದು ಪೇಟೆಗೆ ಹೊಸ ಬೆಲ್ಲ ಬಂದಿರುತ್ತದೆ, ಕಲಿಸುವವರಿಗೆ ಬಿಡುವೂ ಇರುತ್ತದೆ. ಹೂರಣದ ಹೋಳಿಗೆ ಕಲಿಯುವ ಮನಸ್ಸಿದ್ದರೆ ಈ ಸೀಮೆಯಲ್ಲಿ ಬೆಳೆಯುವ ಖಪಲಿ ಗೋಧಿಯ ಹಿಟ್ಟನ್ನೂ ಕೇಳಿ ಮುಟ್ಟಿ ನೋಡಬೇಕು. ನಮ್ಮಲ್ಲಿ ಇದನ್ನೇ ಜವೆ ಗೋಧಿ ಎನ್ನುತ್ತಾರೆ. ಪಾಠ ಶುರುವಾಗುವ ಮೊದಲು ಯಜಮಾನಿಯ ಜೊತೆ ಪೇಟೆಗೆ ಹೋಗಿ ಬೆಲ್ಲ, ತುಪ್ಪ, ಹಿಟ್ಟನ್ನು ಅವರು ಹೇಗೆ ಆರಿಸುತ್ತಾರೆಂದು ನೋಡುವ ಅವಕಾಶ ಸಿಕ್ಕರೆ ಬಿಡಬಾರದು.