ಚುಕ್ಕೆಯ ಮೂರು ಪ್ರಾಣಗಳು

1967ರಲ್ಲಿ ಕೇಂಬ್ರಿಜ್‌ನಲ್ಲಿ ಜಾನ್ ಕಾನ್ವೇ, ಮೈಕೇಲ್ ಪ್ಯಾಟರ್ಸನ್ ಎಂಬೀರ್ವರು ಗಣಿತಜ್ಞರು ಕಲ್ಪಿಸಿದ ‘ಸ್ಪ್ರೌಟ್ಸ್’ ಎಂಬ ಆಟಕ್ಕೆ ಬೇಕಾದ ಸಾಮಗ್ರಿಯೆಂದರೆ ಒಂದು ಸೀಸದ ಕಡ್ಡಿ, ಒಂದು ಹಾಳೆ, ಮತ್ತು ಸೋಲನ್ನು ಸಹಿಸಬಲ್ಲ ಒಬ್ಬ ಮಿತ್ರ, ಇಷ್ಟೆ. ಹಾಳೆಯ ಮೇಲೆ ಕೆಲವು ಚುಕ್ಕೆಗಳನ್ನಿಟ್ಟು, ಆಟಗಾರರು ಸರದಿಯಂತೆ ಎರಡು ಚುಕ್ಕೆಗಳನ್ನಾಗಲಿ, ಒಂದೇ ಚುಕ್ಕೆಯನ್ನು ಅದರೊಡನೆಯೇ ಆಗಲಿ, ಗೆರೆಯಿಂದ ಕೂಡಿಸಿ, ಆ ಗೆರೆಯ ನಡುವೆ ಹೊಸ ಚುಕ್ಕೆಯೊಂದನ್ನಿಡಬೇಕು. ಗೆರೆಯು ತನ್ನನ್ನಾಗಲಿ ಬೇರೊಂದನ್ನಾಗಲಿ ದಾಟಕೂಡದು. ಯಾವ ಚುಕ್ಕೆಯಲ್ಲಿಯೂ ಮೂರಕ್ಕಿಂತ ಹೆಚ್ಚು ತುದಿಗಳು ಸೇರಕೂಡದು. ಗೆರೆಯೆಳೆಯಲು ಎಡೆ ಕಾಣದವನು ಸೋತನು.

ನಡೆನಡೆಗೂ ಹೊಸ ಚುಕ್ಕೆ ಹುಟ್ಟುತ್ತಿರುವಾಗ ಆಟ ಮುಗಿಯುವುದಾದರೂ ಹೇಗೆಂಬ ಶಂಕೆ ಸಹಜವೇ. ಪ್ರತಿಯೊಂದು ಚುಕ್ಕೆಗೂ ಮೂರು ಪ್ರಾಣಗಳಿವೆಯೆಂದು ಭಾವಿಸಿದರೆ, ಒಂದು ಗೆರೆಯು ಎರಡನ್ನು ವ್ಯಯಿಸಿ, ಹುಟ್ಟುವಾಗಲೇ ಎರಡು ತುದಿಗಳನ್ನು ಹೊತ್ತ ಹೊಸ ಚುಕ್ಕೆಯಲ್ಲಿ ಒಂದನ್ನು ಮಾತ್ರ ಹಿಂದಿರುಗಿಸುವುದರಿಂದ, ನಡೆಗೊಂದರಂತೆ ಪ್ರಾಣ ಕುಂದುತ್ತದೆ. ಒಂಟಿ ಪ್ರಾಣದಿಂದ ಗೆರೆಯೆಳೆಯಲಾಗದಾದ್ದರಿಂದ, 3 ಚುಕ್ಕೆಗಳ ಆಟ 8 ನಡೆಗಳನ್ನು ಮೀರಲಾರದು.

ಗೆಲ್ಲುವವರಾರೆಂಬುದು ಮಾತ್ರ ಇಷ್ಟು ಸುಲಭವಲ್ಲ. 1991ರಲ್ಲಿ ಆಪಲ್‌ಗೇಟ್, ಜೇಕಬ್‌ಸನ್, ಸ್ಲೀಟರ್ ಎಂಬ ಮೂವರು ಗಣಕಯಂತ್ರದ ನೆರವಿನಿಂದ 11 ಚುಕ್ಕೆಗಳವರೆಗೆ ಪರಿಶೋಧಿಸಿ, ಇಬ್ಬರೂ ತಪ್ಪದೆ ಆಡಿದಲ್ಲಿ, ಚುಕ್ಕೆಗಳ ಸಂಖ್ಯೆಯನ್ನು 6ರಿಂದ ಭಾಗಿಸಿ ಉಳಿಯುವ ಶೇಷ 3, 4 ಅಥವಾ 5 ಆದರೆ ಮೊದಲಿಗನಿಗೂ, ಇಲ್ಲವಾದರೆ ಎರಡನೆಯವನಿಗೂ ಜಯವೆಂದು ಊಹಿಸಿದರು. ಎಲ್ಲ ಸಂಖ್ಯೆಗಳಿಗೂ ಅನ್ವಯಿಸುವ ಉಪಪತ್ತಿ ಇನ್ನೂ ದೊರೆತಿಲ್ಲ.