ಹೂಕಣಿವೆಗೆ ಕಾವಲು, ಹೆಬ್ಬಾಗಿಲಿಗೆ ಭಾರ

ಉತ್ತರಾಖಂಡದ ಚಮೋಲಿ ಜಿಲ್ಲೆಯ ಜೋಶಿಮಠ ಸಣ್ಣ ಊರು. 2011ರ ಜನಗಣತಿಯ ಪ್ರಕಾರ ಅಲ್ಲಿ ಹದಿನೇಳು ಸಾವಿರ ಜನರೂ ಇರಲಿಲ್ಲ. ಧೌಲಿಗಂಗಾ ನದಿ ಅಲಕನಂದೆಯನ್ನು ಕೂಡುವ ವಿಷ್ಣುಪ್ರಯಾಗದ ಮೇಲಿನ ಇಳಿಜಾರಿನಲ್ಲಿ, ಸುಮಾರು 1,900 ಮೀಟರ್ ಎತ್ತರದಲ್ಲಿ ಅದು ನಿಂತಿದೆ. ಬದರಿನಾಥದ ಯಾತ್ರಿಕರು, ಹೇಮಕುಂಡ ಸಾಹಿಬ್‌ಗೆ ಹೊರಟ ಸಿಖ್ಖರು, ಹೂಗಳ ಕಣಿವೆ ನೋಡಬಯಸುವ ಚಾರಣಿಗರು, ಔಲಿಯ ಹಿಮದ ಇಳಿಜಾರಿಗೆ ಬರುವ ಪ್ರವಾಸಿಗರು, ಟಿಬೆಟ್ ಗಡಿಯ ಕಡೆಗೆ ಸಾಗುವ ಸೈನಿಕರು, ಎಲ್ಲರಿಗೂ ಈ ಊರೇ ಹೆಬ್ಬಾಗಿಲು. ಶಂಕರಾಚಾರ್ಯರು ಸ್ಥಾಪಿಸಿದರೆಂದು ಪರಂಪರೆ ನಂಬುವ ನಾಲ್ಕು ಪೀಠಗಳಲ್ಲಿ ದಕ್ಷಿಣದ್ದು ನಮ್ಮ ಶೃಂಗೇರಿಯಾದರೆ ಉತ್ತರದ್ದು ಇಲ್ಲಿನ ಜ್ಯೋತಿರ್ಮಠ. 2023ರ ಜನವರಿಯಲ್ಲಿ ಈ ಊರಿನ ಗೋಡೆಗಳು, ರಸ್ತೆಗಳು, ಅಂಗಳಗಳು ಬಿರುಕುಬಿಟ್ಟಾಗ ದೇಶವೆಲ್ಲ ಬೆಚ್ಚಿತು. ಆದರೆ ಇದನ್ನು ಪ್ರಕೃತಿಯ ಮುನಿಸೆಂದು ಬಗೆದು ಮರೆಯುವಂತಿಲ್ಲ. ಊರನ್ನು ಊರೆಂದು ಕಾಣದೆ, ಬೇರೆಲ್ಲಿಗೋ ಹೋಗುವ ದಾರಿಯೆಂದಷ್ಟೇ ಕಂಡ ಯೋಜನೆಗಳ ಫಲ ಅದು. ಹೂಗಳ ಕಣಿವೆಗೆ ಹಾಕಿದಂತಹ ಮಿತಿಯನ್ನು ಅದರ ಬಾಗಿಲಿಗೂ ಹಾಕದಿದ್ದರೆ ಎರಡೂ ಉಳಿಯುವುದಿಲ್ಲ.

ಮೊದಲು ಕಣಿವೆಯನ್ನೇ ನೋಡೋಣ. 1931ರಲ್ಲಿ ಕಾಮೆಟ್ ಶಿಖರವೇರಿ ಮರಳುತ್ತಿದ್ದ ಬ್ರಿಟಿಷ್ ಪರ್ವತಾರೋಹಿಗಳು ಭ್ಯುಂಡಾರ್ ಕಣಿವೆಗೆ ಇಳಿದು ಅದರ ಹೂರಾಶಿಗೆ ಬೆರಗಾದರು. ಅವರಲ್ಲೊಬ್ಬರಾದ ಫ್ರಾಂಕ್ ಸ್ಮೈತ್ 1938ರಲ್ಲಿ ಪ್ರಕಟಿಸಿದ ಪುಸ್ತಕದಿಂದ ಹೂಗಳ ಕಣಿವೆಯೆಂಬ ಹೆಸರು ಹೊರಜಗತ್ತಿಗೆ ತಿಳಿಯಿತು. 1982ರಲ್ಲಿ ಅದು ರಾಷ್ಟ್ರೀಯ ಉದ್ಯಾನವಾಯಿತು. 2005ರಲ್ಲಿ ನಂದಾದೇವಿ ಉದ್ಯಾನದೊಂದಿಗೆ ಸೇರಿ ಯುನೆಸ್ಕೋ ವಿಶ್ವ ಪರಂಪರೆಯ ಪಟ್ಟಿಗೆ ಬಂತು. ಸುಮಾರು 87 ಚದರ ಕಿಲೋಮೀಟರಿನ ಆ ಉದ್ಯಾನ ಬೇಸಿಗೆಯ ಕೊನೆಯಿಂದ ಅಕ್ಟೋಬರ್‌ವರೆಗೆ ಮಾತ್ರ ತೆರೆದಿರುತ್ತದೆ. ಒಳಗೆ ಡೇರೆ ಹಾಕುವಂತಿಲ್ಲ, ದನಕುರಿ ಮೇಯಿಸುವಂತಿಲ್ಲ. ಬೆಳಿಗ್ಗೆ ಹೋದವರು ಸಂಜೆಯೊಳಗೆ ಕೆಳಗಿನ ಘಾಂಘರಿಯಾಕ್ಕೆ ಮರಳಬೇಕು. ಈ ಕಟ್ಟುಪಾಡುಗಳನ್ನು ಬಹುತೇಕ ಎಲ್ಲರೂ ಒಪ್ಪುತ್ತಾರೆ, ಒಪ್ಪಬೇಕಾದದ್ದೇ. ಆದರೆ ಕಣಿವೆಯಲ್ಲಿ ಸಿಗದ ಹಾಸಿಗೆ, ನೀರು, ಶೌಚಾಲಯ, ವಾಹನ ನಿಲ್ಲಿಸುವ ಜಾಗ ಬೇರೆಲ್ಲಾದರೂ ಸಿಗಲೇಬೇಕಲ್ಲ. ಹಾಗೆ ಕೆಳಕ್ಕಿಳಿದ ಭಾರ ಘಾಂಘರಿಯಾ, ಗೋವಿಂದಘಾಟ್‌ಗಳನ್ನು ದಾಟಿ ಜೋಶಿಮಠದ ಮೇಲೆ ಕೂರುತ್ತದೆ. ಕಣಿವೆಯಲ್ಲಿರುವಂತಹ ಕಟ್ಟುಪಾಡು ಅಲ್ಲಿಲ್ಲ.

ಈ ಭಾರ ಬೀಳುತ್ತಿರುವುದು ಎಂತಹ ನೆಲದ ಮೇಲೆ? ಜೋಶಿಮಠದ ಅಡಿಯಲ್ಲಿರುವುದು ಗಟ್ಟಿ ಬಂಡೆಯಲ್ಲ, ಪುರಾತನ ಭೂಕುಸಿತವೊಂದು ತಂದು ಸುರಿದ ಮರಳು, ಮಣ್ಣು, ಕಲ್ಲುಗುಂಡುಗಳ ರಾಶಿ. ಇದು 2023ರಲ್ಲಿ ಗೊತ್ತಾದ ಸಂಗತಿಯೇನಲ್ಲ. ಊರಿನಲ್ಲಿ ನೆಲ ಕುಸಿಯುತ್ತಿದೆಯೆಂಬ ದೂರು ಬಂದಾಗ ಗಢವಾಲದ ಆಗಿನ ಆಯುಕ್ತ ಎಂ. ಸಿ. ಮಿಶ್ರಾ ಅವರ ನೇತೃತ್ವದ ಸಮಿತಿ 1976ರಲ್ಲೇ ಇದನ್ನು ಬರೆದುಕೊಟ್ಟಿತ್ತು. ಭಾರಿ ಕಟ್ಟಡ ಬೇಡ, ಸ್ಫೋಟಕ ಸಿಡಿಸಬೇಡಿ, ಇಳಿಜಾರಿನ ಬಂಡೆಗಳನ್ನು ಅಗೆದು ತೆಗೆಯಬೇಡಿ, ಮರ ಕಡಿಯಬೇಡಿ, ನೀರು ಇಂಗದಂತೆ ಪಕ್ಕಾ ಚರಂಡಿ ಕಟ್ಟಿ, ಗಿಡ ನೆಡಿ ಎಂಬುದು ಅದರ ಸಲಹೆಗಳ ಸಾರ. ಕಾರಣ ಸರಳ. ಜಲ್ಲಿರಾಶಿಯ ಬುಡದಿಂದ ನಾಲ್ಕು ಬುಟ್ಟಿ ತೆಗೆದರೆ ಮೇಲಿನದು ತಾನಾಗಿ ಜಾರುತ್ತದೆ. ಇಂತಹ ಇಳಿಜಾರಿನ ಗತಿಯೂ ಅದೇ. ಒಳಗೆ ಇಂಗಿದ ನೀರು ಕಣಕಣಗಳ ಹಿಡಿತವನ್ನು ಸಡಿಲಿಸುತ್ತದೆ, ಮೇಲಿನ ಕಟ್ಟಡ ಒತ್ತುತ್ತದೆ, ಬುಡವನ್ನು ನದಿ ಕೊರೆಯುತ್ತದೆ.

ಸಮಿತಿ ಬೇಡವೆಂದದ್ದೇ ಮುಂದಿನ ದಶಕಗಳಲ್ಲಿ ನಡೆಯಿತು. 1962ರ ಯುದ್ಧದ ನಂತರ ಟಿಬೆಟ್‌ನೊಂದಿಗಿನ ಹಳೆಯ ವ್ಯಾಪಾರ ನಿಂತುಹೋಗಿ, ಸೇನೆ ಮತ್ತು ವಾಹನರಸ್ತೆ ಬಂದು, ಊರಿನ ಬದುಕು ಯಾತ್ರೆ-ಪ್ರವಾಸಗಳತ್ತ ವಾಲಿತ್ತು. ಕಾಂಕ್ರೀಟಿನ ಬಹುಮಹಡಿ ಹೋಟೆಲುಗಳು ಎದ್ದವು. ಊರಿನ ಬಹುಭಾಗಕ್ಕೆ ಒಳಚರಂಡಿಯೇ ಇರಲಿಲ್ಲ. ಬಚ್ಚಲು, ಶೌಚದ ನೀರು ಗುಂಡಿಗಳಿಗೆ ಹೋಗಿ ಅಲ್ಲೇ ಇಂಗಿತು. 2009ರ ಡಿಸೆಂಬರಿನಲ್ಲಿ 520 ಮೆಗಾವ್ಯಾಟಿನ ತಪೋವನ-ವಿಷ್ಣುಗಡ ಜಲವಿದ್ಯುತ್ ಯೋಜನೆಯ ಸುರಂಗ ಕೊರೆಯುತ್ತಿದ್ದ ಯಂತ್ರ ಅಂತರ್ಜಲದ ಸೆಲೆಯೊಂದನ್ನು ತೂತು ಮಾಡಿತು; ದಿನಕ್ಕೆ ಆರು-ಏಳು ಕೋಟಿ ಲೀಟರ್ ನೀರು ಹರಿಯಿತೆಂದು ಮರುವರ್ಷ ವಿಜ್ಞಾನಿಗಳು ಬರೆದರು. 2021ರ ಫೆಬ್ರುವರಿ 7ರಂದು ರೋಂಟಿ ಶಿಖರದಿಂದ ಕಳಚಿದ ಬಂಡೆ ಮತ್ತು ಹಿಮದ ರಾಶಿ ಋಷಿಗಂಗಾ, ಧೌಲಿಗಂಗಾಗಳಲ್ಲಿ ಪ್ರವಾಹವಾಗಿ ನುಗ್ಗಿ, ಇನ್ನೂರಕ್ಕೂ ಹೆಚ್ಚು ಜನ ಸತ್ತರು ಇಲ್ಲವೇ ಕಾಣೆಯಾದರು. ಆಮೇಲೆ ಬಂದದ್ದೇ 2023. ಹಿಂದಿನ ಡಿಸೆಂಬರ್ 27ರಿಂದ ಜನವರಿ 8ರೊಳಗೆ, ಹನ್ನೆರಡೇ ದಿನಗಳಲ್ಲಿ, ನೆಲ 5.4 ಸೆಂಟಿಮೀಟರ್ ಕುಸಿದಿತ್ತೆಂದು ಇಸ್ರೋದ ದೂರಸಂವೇದಿ ಕೇಂದ್ರದ ಉಪಗ್ರಹ ಚಿತ್ರಗಳು ತೋರಿಸಿದವು. ಎಂಟುನೂರಕ್ಕೂ ಹೆಚ್ಚು ಕಟ್ಟಡಗಳಲ್ಲಿ ಬಿರುಕು ಕಂಡಿತು.

ಇಲ್ಲಿ ಒಂದು ಆಕ್ಷೇಪ ಏಳುತ್ತದೆ. ಸುರಂಗವೇ ಕಾರಣವೆಂದು ಊರಿನವರು ಹೇಳುತ್ತಾರೆ. ಸುರಂಗ ಊರಿನಡಿ ಹೋಗಿಲ್ಲ, ಒಂದು ಕಿಲೋಮೀಟರ್ ದೂರದಲ್ಲಿದೆ ಎಂದು ಯೋಜನೆಯ ಒಡೆತನದ ಎನ್‌ಟಿಪಿಸಿ ಹೇಳುತ್ತದೆ. ಕಾರಣವೇ ಇತ್ಯರ್ಥವಾಗದಿರುವಾಗ ಮಿತಿ ಹಾಕುವುದು ನ್ಯಾಯವೇ? ಪರಿಹಾರ ಯಾರು ಕೊಡಬೇಕೆಂಬ ಪ್ರಶ್ನೆಗೆ ಆ ವಿಚಾರಣೆ ಅಗತ್ಯ, ಅದು ಬಹಿರಂಗವಾಗಿಯೇ ನಡೆಯಬೇಕು. ವಿವಿಧ ಸಂಸ್ಥೆಗಳ ವಿಜ್ಞಾನಿಗಳ ವರದಿಗಳು ಹೊರಬರಲು ಹೈಕೋರ್ಟ್ ಮಧ್ಯೆ ಬರಬೇಕಾಯಿತೆಂಬುದು ಒಳ್ಳೆಯ ಲಕ್ಷಣವಲ್ಲ. ಆದರೆ ಮಿತಿಯ ಪ್ರಶ್ನೆ ಅದಕ್ಕಾಗಿ ಕಾಯಬೇಕಿಲ್ಲ. ಸುರಂಗ ನಿರ್ದೋಷಿಯೆಂದೇ ಇಟ್ಟುಕೊಂಡರೂ ಚರಂಡಿಯಿಲ್ಲದ ಹೋಟೆಲುಗಳ ನೀರು ನಿರ್ದೋಷಿಯಾಗುವುದಿಲ್ಲ. ಸುರಂಗದ್ದೇ ತಪ್ಪೆಂದಾದರೆ ಸಡಿಲವಾದ ನೆಲದ ಮೇಲೆ ಇನ್ನಷ್ಟು ಮಹಡಿ ಏರಿಸುವುದು ಮತ್ತೂ ಅಪಾಯ. ತೀರ್ಪು ಯಾವ ಕಡೆ ಬಂದರೂ ಇಳಿಜಾರು ಹೊರಬಲ್ಲ ಭಾರ ಹೆಚ್ಚುವುದಿಲ್ಲ.

ಎರಡನೆಯ ಆಕ್ಷೇಪ ಹೊಟ್ಟೆಪಾಡಿನದು, ಹಾಗಾಗಿ ಹೆಚ್ಚು ಗಂಭೀರ. ವರ್ಷದಲ್ಲಿ ಆರು ತಿಂಗಳ ಯಾತ್ರೆಯೇ ಇಲ್ಲಿನ ಅಂಗಡಿಯವರು, ಚಾಲಕರು, ಕುದುರೆಯವರ ಗಳಿಕೆ. ಮಿತಿಯೆಂದರೆ ಅವರ ಅನ್ನಕ್ಕೆ ಕಲ್ಲಲ್ಲವೇ? ಬಿರುಕುಬಿಟ್ಟ ಮನೆ ಬಿಟ್ಟು ಹೊರನಡೆದವರು ಕೂಡ ಇದೇ ಜನ ಎಂಬುದನ್ನು ನೆನೆಯಬೇಕು. ಬೆಟ್ಟದ ಜನ ವಿವೇಕವನ್ನು ಹೊರಗಿನಿಂದ ಕಲಿಯಬೇಕಾಗಿಯೂ ಇಲ್ಲ. 1974ರಲ್ಲಿ ಗೌರಾದೇವಿಯ ಮುಂದಾಳತ್ವದಲ್ಲಿ ಮಹಿಳೆಯರು ಮರಗಳನ್ನು ಕಾಯ್ದ ರೇಣಿ ಗ್ರಾಮ ಜೋಶಿಮಠದ ಹತ್ತಿರದ್ದೇ; ಆ ಚಿಪ್ಕೋ ಚಳವಳಿಯ ಸ್ಫೂರ್ತಿಯಿಂದಲೇ 1983ರಲ್ಲಿ ಉತ್ತರ ಕನ್ನಡದಲ್ಲಿ ಅಪ್ಪಿಕೋ ಹುಟ್ಟಿತು. 2023ಕ್ಕೆ ಮುಂಚೆಯೇ ಬಿರುಕುಗಳನ್ನು ತೋರಿಸಿ ಬೀದಿಗಿಳಿದವರೂ ಊರಿನವರೇ. ಹಾಗೆಯೇ ಕಣಿವೆಯಲ್ಲಿ ಮಿತಿ ಬಂದ ಮೇಲೆ ಪ್ರವಾಸೋದ್ಯಮ ಸಾಯಲಿಲ್ಲ. ಕಣಿವೆ ಹಾಳಾಗದೆ ಉಳಿದದ್ದರಿಂದಲೇ ಜನ ಇಂದಿಗೂ ಬರುತ್ತಿದ್ದಾರೆ.

ಮೂರನೆಯದು ಗಡಿಯ ರಕ್ಷಣೆ. ಸೇನೆಯ ಅಗತ್ಯವನ್ನು ಗಮನಿಸಿ ಸುಪ್ರೀಂ ಕೋರ್ಟ್ 2021ರ ಡಿಸೆಂಬರಿನಲ್ಲಿ ಋಷಿಕೇಶ-ಮಾಣಾ ಸೇರಿದ ಹೆದ್ದಾರಿಗಳ ಅಗಲೀಕರಣಕ್ಕೆ ಒಪ್ಪಿತು. ಗಡಿಗೆ ರಸ್ತೆ ಬೇಕೆಂಬುದರಲ್ಲಿ ತಕರಾರಿಲ್ಲ. ಆದರೆ ಮಳೆಗಾಲದಲ್ಲಿ ಕುಸಿದು ಮುಚ್ಚುವ ರಸ್ತೆ ಎಷ್ಟು ಅಗಲವಿದ್ದರೂ ಸೈನಿಕನಿಗೆ ಒದಗುವುದಿಲ್ಲ. ಇಳಿಜಾರಿನ ಬುಡ ಕತ್ತರಿಸಿದ ಹೆದ್ದಾರಿ ಏನು ಮಾಡಬಲ್ಲದೆಂದು 2024ರ ಜುಲೈಯಲ್ಲಿ ಅಂಕೋಲಾದ ಶಿರೂರಿನಲ್ಲಿ ಗುಡ್ಡ ಕುಸಿದಾಗ ನಾವೇ ಕಂಡಿದ್ದೇವೆ. ಗಟ್ಟಿಯಾದ ಇಳಿಜಾರೇ ರಕ್ಷಣೆಯ ಮೊದಲ ಅಗತ್ಯ.

ಹಾಗಾದರೆ ಮಾಡಬೇಕಾದದ್ದೇನು? ಊರಿಗೆಲ್ಲ ಒಳಚರಂಡಿ, ಮಳೆನೀರನ್ನು ನದಿಯವರೆಗೆ ಒಯ್ಯುವ ಕಾಲುವೆ, ಅಲಕನಂದೆ ಕೊರೆಯುತ್ತಿರುವ ಬುಡಕ್ಕೆ ತಡೆಗೋಡೆ, ಇವು ಮೊದಲ ಕೆಲಸಗಳು. ಎತ್ತರದ ಹೊಸ ಕಟ್ಟಡಗಳಿಗೆ ಅನುಮತಿ ನಿಲ್ಲಬೇಕು. ಯಾತ್ರೆಗೆ ನೋಂದಣಿ ಪದ್ಧತಿ ಈಗಾಗಲೇ ಇದೆ. ದಿನಕ್ಕೆ ಎಷ್ಟು ಜನವೆಂಬುದನ್ನು ದೇವಾಲಯದ ಅಂಗಳದ ಅಳತೆಯಿಂದ ಮಾತ್ರವಲ್ಲದೆ, ದಾರಿಯ ಊರುಗಳ ನೆಲ, ನೀರು, ಚರಂಡಿಗಳ ಅಳತೆಯಿಂದಲೂ ನಿರ್ಧರಿಸಬೇಕು. ವಸತಿಯ ಒಂದು ಪಾಲು ಪೀಪಲ್‌ಕೋಟಿ, ಚಮೋಲಿಗಳಂತಹ ಕೆಳಗಿನ ಊರುಗಳಿಗೆ ಹಂಚಿಹೋಗಲಿ, ಆದರೆ ಅಲ್ಲಿಯ ನೆಲವನ್ನು ಮೊದಲು ಪರೀಕ್ಷಿಸಿದ ಮೇಲೆ. ನೆಲದ ಚಲನೆಯ ಅಳತೆಗಳು ಕಡತದಲ್ಲಿ ಕೂರದೆ ಊರಿನ ಜನರ ಕೈಗೆ ತಲುಪಲಿ. 1976ರಲ್ಲಿ ತಿಳಿವಳಿಕೆಗೆ ಕೊರತೆಯಿರಲಿಲ್ಲ. ಆ ಸಲಹೆಗಳಿಗೆ ಕಾನೂನಿನ ಬಲವಿರಲಿಲ್ಲ. ಹೂಗಳಿಗೆ ಆ ಬಲವನ್ನು 1982ರಲ್ಲೇ ಕೊಟ್ಟ ದೇಶ, ಅದೇ ಬೆಟ್ಟದ ಮನುಷ್ಯರಿಗೂ ಅದನ್ನು ಕೊಡಬೇಕು.